ಹಾಸೆವ್ವ ಕಿತ್ತ ಹೊಲಿಗೆ

ಬೆಟ್ಟಗಳ ಮಣ್ಣು ಇನ್ನೂ ಆರಿರಲಿಲ್ಲ. ಹೊಳೆಗಳಿಗೆ ಯಾವ ಕಡೆ ಹರಿಯಬೇಕೆಂದು ಇನ್ನೂ ತಿಳಿದಿರಲಿಲ್ಲ. ಬೆಳಿಗ್ಗೆ ಒಂದು ಕಡೆ ಹೋಗಿ, ಸಂಜೆಗೆ ತಿರುಗಿ ಬರುತ್ತಿದ್ದವು. ಆ ಕಾಲದಲ್ಲಿ ಯಾರ ಕಣ್ಣಿಗೂ ರೆಪ್ಪೆ ಇರಲಿಲ್ಲ.

ರೆಪ್ಪೆ ಇಲ್ಲದ ಕಣ್ಣು ಅಂದರೆ ಬಾಗಿಲಿಲ್ಲದ ಮನೆ. ಗಾಳಿ ಕೇಳದೆ ಒಳಗೆ ನುಗ್ಗುತ್ತಿತ್ತು. ಬರುವಾಗ ಧೂಳನ್ನೂ ಕರೆದುಕೊಂಡು ಬರುತ್ತಿತ್ತು. ನಾಯಿ ಕಣ್ಣು ಬಿಟ್ಟುಕೊಂಡೇ ಗೊರಕೆ ಹೊಡೆಯುತ್ತಿತ್ತು. ಅದು ಎದ್ದಿದೆಯೋ ಮಲಗಿದೆಯೋ ತಿಳಿಯದೆ ಬೆಕ್ಕು ಇಡೀ ದಿನ ಮರದ ಮೇಲೇ ಕೂತಿರುತ್ತಿತ್ತು.

ಕೊನೆಗೆ ಎಲ್ಲರೂ ಸೇರಿ ನೀಲಜ್ಜಿಯ ಹತ್ತಿರ ಹೋದರು.

ನೀಲಜ್ಜಿ ಕೌದಿ ಹೊಲಿಯುವವಳು. ತುಂಡಿಗೆ ತುಂಡು ಜೋಡಿಸಿ, ಸಾಲು ಸಾಲಾಗಿ ದಾರ ಓಡಿಸಿ, ಮೆತ್ತಗಿನ ಹೊದಿಕೆ ಮಾಡುವುದರಲ್ಲಿ ಅವಳನ್ನು ಮೀರಿಸುವವರಿರಲಿಲ್ಲ. ಕರಿಮಣ್ಣಿಗೆ ಕೆಂಪುಮಣ್ಣು ಜೋಡಿಸಿ ಭೂಮಿಗೆ ಹೊಲಗಳನ್ನು ಹೊದಿಸಿದವಳು ಅವಳೇ.

"ಅಜ್ಜೀ, ನಮ್ಮ ಕಣ್ಣಿಗೂ ಕೌದಿ ಹೊಲಿದುಕೊಡು," ಎಂದರು ಎಲ್ಲರೂ.

"ಹೊಲೀತೀನಿ. ಆದರ ಗದ್ಲ ಮಾಡಬ್ಯಾಡ್ರಿ. ಯಾರಿಗೆ ಹೆಂಗ ಬೇಕು, ಒಬ್ಬೊಬ್ಬರ ಹೇಳ್ರಿ."

ಮೀನು, "ನನಗೆ ನೀರೇ ಹೊದಿಕೆ, ನನಗೇನೂ ಬೇಡ," ಎಂದು ಮುಳುಗಿತು. ಹಾವು, "ತೆರೆದು ಮುಚ್ಚುವ ತಾಪತ್ರಯ ನನಗಾಗದು. ಆಚೆ ಕಾಣುವಂಥ ತೆಳ್ಳನೆಯ ಬಟ್ಟೆ ಹಾಕಿ ಒಂದೇ ಸಲ ಹೊಲಿದುಬಿಡು," ಎಂದಿತು. ಕೋಳಿ ಮಾತ್ರ ಆಕಾಶ ನೋಡುತ್ತಲೇ ಬಂತು.

"ಅಜ್ಜೀ, ನನಗೆ ಹದ್ದಿನ ಭಯ. ಮೇಲಿಂದ ಮುಚ್ಚಿದರೆ ಮೊದಲು ಆಕಾಶವೇ ಮರೆಯಾಗುತ್ತದೆ. ಕೆಳಗಿನದು ಮೇಲೆ ಬರುವ ಹಾಗೆ ಹೊಲಿ. ನಿದ್ದೆ ಬರುವ ಗಳಿಗೆಯವರೆಗೂ ಆಕಾಶ ಕಾಣುತ್ತಿರಬೇಕು."

"ಶಾಣೇಕಿ ಇದ್ದೀ," ಎಂದು ನೀಲಜ್ಜಿ ನಕ್ಕು ಹಾಗೆಯೇ ಹೊಲಿದುಕೊಟ್ಟಳು.

ಎಲ್ಲರ ಹಿಂದೆ ನಿಂತಿದ್ದವಳು ಕೆಂಚಿ ಎಂಬ ಪುಟ್ಟ ಹುಡುಗಿ. ಅವಳ ಸರದಿ ಬರುವ ಹೊತ್ತಿಗೆ ಅಜ್ಜಿಯ ಬುಟ್ಟಿಯಲ್ಲಿ ಬಟ್ಟೆ ಬಹಳ ಉಳಿದಿರಲಿಲ್ಲ.

ಅಜ್ಜಿ ದೊಡ್ಡ ತುಂಡನ್ನು ತೆಗೆದು ಮೇಲಿನ ರೆಪ್ಪೆ ಮಾಡಿದಳು. ಮಡಚಿ ಎತ್ತಿಡಲು ನಡುವೆ ಒಂದು ಮಡಿಕೆ ಹಾಕಿದಳು. ಅಂಚಿಗೆ ಉದ್ದನೆಯ ಕರಿ ಕುಚ್ಚು ಕಟ್ಟಿದಳು. ಹೊದೆಯುವ ಕೌದಿ ಅದು. ಅದಕ್ಕೆ ಹೊದೆವ್ವ ಎಂದು ಹೆಸರಿಟ್ಟಳು.

ಉಳಿದ ಚಿಕ್ಕ ತುಂಡಿನಿಂದ ಕೆಳಗಿನ ರೆಪ್ಪೆ ಮಾಡಿದಳು. ಅದಕ್ಕೆ ಮಡಿಕೆ ಹಾಕುವಷ್ಟು ಬಟ್ಟೆ ಇರಲಿಲ್ಲ. ಕುಚ್ಚಿನ ದಾರವೂ ಮುಗಿಯುತ್ತ ಬಂದಿತ್ತು. ಮೋಟು ಕುಚ್ಚು ಕಟ್ಟಿದಳು. ಹಾಸುವ ಕೌದಿ ಅದು. ಅದಕ್ಕೆ ಹಾಸೆವ್ವ ಎಂದು ಹೆಸರಿಟ್ಟಳು.

ಇನ್ನೊಂದು ಕೆಲಸ ಬಾಕಿ ಇತ್ತು. ಕೌದಿಯ ಹೊಟ್ಟೆ ಖಾಲಿ ಇಡಬಾರದು ಎಂಬುದು ಅಜ್ಜಿಯ ಪದ್ಧತಿ. ಪ್ರತಿ ಕೌದಿಯ ಮೂಲೆಯಲ್ಲೂ ಅವಳು ಚಿಟಿಕೆ ಕಾಳು ಇಟ್ಟು ಹೊಲಿಯುತ್ತಿದ್ದಳು. ಬುಟ್ಟಿಯ ತಳ ಕೆರೆದಾಗ ಸಿಕ್ಕಿದ್ದು ನಾಲ್ಕು ಕೆಂಪಕ್ಕಿ ಕಾಳು. ಮೂಗಿನ ಪಕ್ಕ, ಆ ಅಕ್ಕತಂಗಿಯರಿಬ್ಬರೂ ಸೇರುವ ಮೂಲೆಯಲ್ಲಿ, ಅವನ್ನು ಗಂಟು ಕಟ್ಟಿಟ್ಟು ಹೊಲಿದಳು.

"ಇಬ್ಬರಿಗೂ ಸೇರಿ ಒಂದ ಬುತ್ತಿ. ಜಗಳ ಮಾಡಬ್ಯಾಡ್ರಿ," ಎಂದು ಹೇಳಿ ಹೋದಳು.

ಜಗಳವೇನೂ ಆಗಲಿಲ್ಲ. ಹಾಸೆವ್ವ ಮನಸ್ಸಿನಲ್ಲೇ ಉರಿಯತೊಡಗಿದಳು, ಅಷ್ಟೆ.

ಬೆಳಗಾದರೆ ಹೊದೆವ್ವ ಮೇಲೇಳುತ್ತಿದ್ದಳು. ಕೆಳಗಿಳಿಯುತ್ತಿದ್ದಳು. ಮತ್ತೆ ಏಳುತ್ತಿದ್ದಳು. ಅವಳು ಎದ್ದಾಗಲೆಲ್ಲ ಕೆಂಚಿಗೆ ಲೋಕ ಕಾಣುತ್ತಿತ್ತು; ಅವಳು ಇಳಿದಾಗಲೆಲ್ಲ ಕೆಂಚಿಗೆ ನೆಮ್ಮದಿಯಾಗುತ್ತಿತ್ತು. ಚಿಟ್ಟೆ ಬಂದು, "ಹೊದೆವ್ವಾ, ರೆಕ್ಕೆ ಬಡಿಯುವುದು ಹೇಗೆ ಹೇಳಿಕೊಡು," ಎಂದು ಕೇಳುತ್ತಿತ್ತು. ಮಳೆಹನಿ ಅವಳ ಕುಚ್ಚಿನ ತುದಿಯಲ್ಲಿ ಕೂತು ಜೋಕಾಲಿ ಆಡುತ್ತಿತ್ತು. ನೆರೆಯವರೆಲ್ಲ ಕೆಂಚಿಯ ಗಲ್ಲ ಹಿಡಿದು, "ಏನು ಚೆಂದ ರೆಪ್ಪೆ ನಿನ್ನದು!" ಎನ್ನುತ್ತಿದ್ದರು. ಅವರು ನೋಡುತ್ತಿದ್ದುದು ಮೇಲಿನದನ್ನೇ.

ಹಾಸೆವ್ವ ಎಲ್ಲವನ್ನೂ ಅಳೆಯುತ್ತಿದ್ದಳು. ಅಕ್ಕನ ಬಟ್ಟೆ ಎಷ್ಟಗಲ, ತನ್ನದೆಷ್ಟು. ಅಕ್ಕನ ಕುಚ್ಚು ಎಷ್ಟುದ್ದ, ತನ್ನದೆಷ್ಟು. ಅಕ್ಕನ ಭುಜದ ಹಿಂದೆ, ಹುಬ್ಬಿನ ಕೆಳಗೆ, ಕಣ್ಣೀರಿನ ಪುಟ್ಟ ಊಟೆ ಇತ್ತು. ಅದೂ ಅಕ್ಕನ ಮನೆಯಲ್ಲೇ! ಅಲ್ಲಿಂದ ನೀರು ಇಳಿದು, ಕಣ್ಣನ್ನು ತೊಳೆದು, ಕೊನೆಗೆ ಹಾಸೆವ್ವನ ಹತ್ತಿರ ಬರುತ್ತಿತ್ತು. ಆ ನೀರಿಗೆ ಒಡ್ಡು ಕಟ್ಟಿ ನಿಲ್ಲಿಸಿಕೊಳ್ಳುವುದೇ ಅವಳ ಕೆಲಸ.

"ಅಕ್ಕ ಮಿಂದ ನೀರನ್ನು ಕಾಯುವವಳು ನಾನು," ಎಂದು ಹಾಸೆವ್ವ ಹಲ್ಲು ಕಡಿಯುತ್ತಿದ್ದಳು.

ಎಲ್ಲಕ್ಕಿಂತ ಹೆಚ್ಚು ಚುಚ್ಚುತ್ತಿದ್ದದ್ದು ಅಕ್ಕನ ಮರುಕ.

"ನಿಂದ ಆರಾಮ ನೋಡವಾ ತಂಗೀ," ಎನ್ನುತ್ತಿದ್ದಳು ಹೊದೆವ್ವ, ಏಳುತ್ತ ಇಳಿಯುತ್ತ. "ಕುಂತಲ್ಲೇ ಕುಂತಿರತೀ. ನನಗ ನೋಡು, ಹತ್ತಿ ಇಳಿದು ಸೊಂಟ ಬಿದ್ದು ಹೋಗೇತಿ. ಮಂದಿ ಬ್ಯಾರೆ ಹೊಗಳತಾರ. ಅದೊಂದು ಕಾಟ."

"ಹೌದಕ್ಕಾ. ಭಾಳ ಕಾಟ," ಎನ್ನುತ್ತಿದ್ದಳು ಹಾಸೆವ್ವ. ಒಳಗೆ ಕೆಂಡ.

ಒಂದು ಮಧ್ಯಾಹ್ನ ಕೆಂಚಿ ಬೇವಿನ ನೆರಳಿನಲ್ಲಿ ಕೋಳಿಯ ಪಕ್ಕ ಕೂತಿದ್ದಳು. ಕೋಳಿಗೆ ಜೊಂಪು ಹತ್ತಿತು. ಆಗ ಹಾಸೆವ್ವ ಕಂಡದ್ದನ್ನು ತಾನೇ ನಂಬಲಿಲ್ಲ. ಕೋಳಿಯ ಕೆಳರೆಪ್ಪೆ ನಿಧಾನವಾಗಿ ಮೇಲೇರುತ್ತಿತ್ತು! ಅದರ ಮೇಲ್ರೆಪ್ಪೆ ಸುಮ್ಮನೆ ಕೂತು ನೋಡುತ್ತಿತ್ತು.

ಹಾಸೆವ್ವ ಆ ಕೆಳರೆಪ್ಪೆಯನ್ನು ಕೂಗಿದಳು. "ಏ ಅಕ್ಕಾ! ನೀ ಹೆಂಗ ಮ್ಯಾಲ ಹತ್ತೀದಿ? ನಾನೂ ನಿನ್ನಂಗ ಕೆಳಗಿನಾಕಿ. ನನಗ್ಯಾಕ ಆಗೂದಿಲ್ಲ?"

ಕೋಳಿಯ ರೆಪ್ಪೆಗೆ ಹದ್ದಿನ ಸಂಗತಿ ವಿವರಿಸುವಷ್ಟು ತಾಳ್ಮೆ ಇರಲಿಲ್ಲ. ನಿದ್ದೆಯ ಅಮಲಿನಲ್ಲಿ, "ಹೊಟ್ಟೆ ತುಂಬ ಉಂಡೀನಿ, ಹತ್ತೀನಿ," ಎಂದು ಗೊಣಗಿ ಮುಚ್ಚಿಕೊಂಡಿತು.

ಅಷ್ಟು ಸಾಕಾಯಿತು. ಹಾಸೆವ್ವನ ನೋಟ ಮೂಲೆಯ ಗಂಟಿನ ಮೇಲೆ ಬಿತ್ತು. ಬುತ್ತಿ! ಇಬ್ಬರಿಗೂ ಸೇರಿ ಒಂದೇ ಬುತ್ತಿ ಎಂದಿದ್ದಳಲ್ಲ ಅಜ್ಜಿ? ಅಕ್ಕ ದಿನವೆಲ್ಲ ಹತ್ತಿ ಇಳಿಯುವ ಶಕ್ತಿ ಎಲ್ಲಿಂದ ಬಂತು? ಕದ್ದು ಉಣ್ಣುತ್ತಿದ್ದಾಳೆ. ಒಬ್ಬಳೇ ಉಣ್ಣುತ್ತಿದ್ದಾಳೆ. ಆಮೇಲೆ, 'ನಿಂದ ಆರಾಮ' ಎಂದು ಮರುಕ ತೋರಿಸುತ್ತಾಳೆ!

ಕೆಂಚಿಯೂ ಬೇವಿನ ಬುಡಕ್ಕೆ ಒರಗಿ ಮಲಗಿದಳು. ಹೊದೆವ್ವ ಇಳಿದು ಬಂದು ತಂಗಿಯ ಮೇಲೆ ತಲೆಯಿಟ್ಟು ನಿದ್ದೆಹೋದಳು. ಆಗ ಹಾಸೆವ್ವ ತನ್ನ ಮೋಟು ಕುಚ್ಚಿನಲ್ಲಿ ಒಂದನ್ನು ಒಳಕ್ಕೆ ಬಗ್ಗಿಸಿದಳು. ಅದನ್ನು ಸೂಜಿಯಂತೆ ಹಿಡಿದು ಮೂಲೆಯ ಹೊಲಿಗೆಯನ್ನು ಕೀಳತೊಡಗಿದಳು. ಒಂದು ಎಳೆ ಬಿಚ್ಚಿತು. ಇನ್ನೊಂದು ಬಿಚ್ಚಿತು. ಗಂಟು ಸಡಿಲವಾಗಿ ಅವಳ ಕಡೆಗೆ ಜಾರಿತು.

"ಈಗ ನೋಡು," ಎಂದುಕೊಂಡಳು ಹಾಸೆವ್ವ. ಗಂಟನ್ನು ಅಪ್ಪಿಕೊಂಡು ಮೇಲೇರಲು ಹೊರಟಳು.

ಏರಲಿಲ್ಲ. ನಡುಗಿದಳು, ಅದುರಿದಳು, ಪಟಪಟ ಒದ್ದಾಡಿದಳು. ಗುಲಗಂಜಿಯಷ್ಟೂ ಏರಲಿಲ್ಲ. ಆದರೆ ಆ ಒದ್ದಾಟದಲ್ಲಿ ಅವಳು ಕಣ್ಣನ್ನು ಬಿಟ್ಟು ಈಚೆ ಸರಿದಳು. ಒಡ್ಡು ಒಡೆಯಿತು. ಕಾಯ್ದಿಟ್ಟ ನೀರೆಲ್ಲ ಕೆಂಚಿಯ ಕೆನ್ನೆಯ ಮೇಲೆ ಹರಿದು ಹೋಯಿತು.

ಕೆಂಚಿ ಕಿರುಚಿ ಎದ್ದಳು. "ಕಣ್ಣಾಗ ಏನೋ ಬಿದ್ದೈತಿ! ಮುಳ್ಳು! ಚುಚ್ಚತೈತಿ!"

ಮುಳ್ಳಲ್ಲ ಅದು, ಒಳಕ್ಕೆ ಬಗ್ಗಿದ ಕುಚ್ಚು. ಕೆಂಚಿಗೆ ಅದೇನು ಗೊತ್ತು? ಮುಷ್ಟಿ ಕಟ್ಟಿ ಉಜ್ಜಿದಳು. ಉಜ್ಜಿದಷ್ಟೂ ಕಣ್ಣು ಕೆಂಪಾಯಿತು. ಊಟೆ ಗಾಬರಿಯಿಂದ ನೀರು ಸುರಿಸಿತು. ಸುರಿದದ್ದೆಲ್ಲ ಸೋರಿ ಹೋಯಿತು. ಹೊದೆವ್ವ ಹಾರಿ ಎದ್ದು ಮೇಲೆ ಕೆಳಗೆ ಓಡಿದಳು. ಒಣ ಕಣ್ಣಿನ ಮೇಲೆ ಅವಳ ಬಟ್ಟೆ ಮರಳಿನಂತೆ ಉಜ್ಜಿತು.

"ತಂಗೀ! ನೀರ ಎಲ್ಲಿ? ಒಡ್ಡು ಎಲ್ಲಿ?"

"ನನ್ನೇನ ಕೇಳತೀ? ಉದ್ದ ಕುಚ್ಚಿನಾಕಿ ನೀನು. ನೀನ ನಿಲ್ಲಿಸಿಕೋ!"

"ನನ್ನ ಕೈಲೆ ಆಗೂದಿಲ್ಲಲೇ! ಆಗಿದ್ದರ ನಿನ್ನ್ಯಾಕ ಕೇಳತಿದ್ದೆ?"

ಆ ಮಾತು ಹಾಸೆವ್ವನಿಗೆ ವಿಚಿತ್ರವಾಗಿ ಕೇಳಿಸಿತು. ಅಕ್ಕನಿಗೆ ಆಗದ್ದೂ ಒಂದಿದೆಯೇ? ಖುಷಿಪಡೋಣವೆಂದರೆ ಹೊತ್ತಿರಲಿಲ್ಲ. ಕೆಂಚಿ, "ಬೇವಿನ ಗಿಡ ಕಾಣಸವಲ್ದು, ಎಲ್ಲಾ ಮಬ್ಬು ಮಬ್ಬು," ಎಂದು ಅಳುತ್ತಿದ್ದಳು. ಕಣ್ಣು ಹೋದರೆ ಹೊದೆವ್ವನೂ ಇಲ್ಲ, ಹಾಸೆವ್ವನೂ ಇಲ್ಲ. ಹಾಸೆವ್ವ ಜೀವಮಾನದಲ್ಲಿ ಮೊದಲ ಸಲ ಅಕ್ಕನನ್ನು ಅಳೆಯುವುದನ್ನು ಬಿಟ್ಟು ಕಣ್ಣಿನ ಕಡೆ ನೋಡಿದಳು. ಓಡಿ ಬಂದು ಕಣ್ಣಿಗೆ ಬಿಗಿಯಾಗಿ ಆತುಕೊಂಡಳು. ಆದರೆ ಮೂಲೆಯ ಹೊಲಿಗೆ ಬಿಟ್ಟಿತ್ತು; ಎಷ್ಟು ಆತರೂ ಅಲ್ಲಿ ಸಂದು ಉಳಿಯುತ್ತಿತ್ತು.

"ಗಾಳೀ, ಓಡು! ನೀಲಜ್ಜಿನ್ನ ಕರಕೊಂಡು ಬಾ!" ಎಂದು ಕೂಗಿದಳು.

ಗಾಳಿ ಓಡಿತು. ಅಜ್ಜಿ ಸೂಜಿ ಬಾಯಲ್ಲಿ ಕಚ್ಚಿಕೊಂಡೇ ಬಂದಳು.

"ಉಜ್ಜಬ್ಯಾಡ ನನ್ನವ್ವಾ, ಕೈ ತೆಗಿ," ಎಂದು ಕೆಂಚಿಯ ಕೈ ಹಿಡಿದಳು. ಬಗ್ಗಿದ ಕುಚ್ಚನ್ನು ಮೆಲ್ಲಗೆ ಹೊರಕ್ಕೆ ತಿರುಗಿಸಿದಳು. ಆಮೇಲೆ ಮೂಲೆ ನೋಡಿದಳು. ಕಿತ್ತ ಎಳೆ ನೋಡಿದಳು. ಹಾಸೆವ್ವನ ಮುಖ ನೋಡಿದಳು.

"ಬುತ್ತಿಗಾಗಿ ಕಿತ್ತೇನು?"

"ಹೌದು," ಎಂದಳು ಹಾಸೆವ್ವ. ಹೆದರಿದ್ದಳು, ಆದರೆ ತಲೆ ತಗ್ಗಿಸಲಿಲ್ಲ. "ಅಕಿಗೆ ಬಟ್ಟಿ ಕೊಟ್ಟಿ, ಮಡಿಕಿ ಕೊಟ್ಟಿ, ಕುಚ್ಚು ಕೊಟ್ಟಿ. ನನಗ ಉಳಿದ ಚೂರು. ಹೊಟ್ಟಿ ಉರೀದ ಏನ ಮಾಡಲಿ?"

ನೀಲಜ್ಜಿ ಬಯ್ಯಲಿಲ್ಲ. "ಚೂರ ಖರೆ," ಎಂದಳು. "ಬಟ್ಟಿ ಸಾಲಲಿಲ್ಲ. ಅದನ್ನ ಸುಳ್ಳು ಹೇಳೂದಿಲ್ಲ ನಾ." ಬುತ್ತಿಯ ಗಂಟನ್ನು ಬಿಚ್ಚಿ ತೋರಿಸಿದಳು. ನಾಲ್ಕು ಕಾಳಿಗೆ ನಾಲ್ಕೂ ಹಾಗೇ ಇದ್ದವು. ಹೊದೆವ್ವ ಒಂದನ್ನೂ ಮುಟ್ಟಿರಲಿಲ್ಲ. ಅವಳಿಗೆ ಅದರ ನೆನಪೇ ಇರಲಿಲ್ಲ.

ಹಾಸೆವ್ವ ನಾಚಿದಳು. ಆದರೂ ಕಾಳನ್ನು ಇನ್ನೊಮ್ಮೆ ಎಣಿಸಿ ನೋಡಿದಳು.

ಅಜ್ಜಿ ಗಂಟನ್ನು ಮೂಲೆಗೆ ಸೇರಿಸಿ ಗಟ್ಟಿಯಾಗಿ ಹೊಲಿದಳು. ಒಡ್ಡು ನಿಂತಿತು. ನೀರು ನಿಂತಿತು. ಕೆಂಚಿ ರೆಪ್ಪೆ ಬಡಿದಳು. ಬೇವಿನ ಗಿಡ ಎಲೆ ಎಲೆಯಾಗಿ ಕಂಡಿತು. ಆದರೆ ಹಾಸೆವ್ವ ಕಿತ್ತ ಕಡೆ, ಅವಳ ಅಂಚಿನಲ್ಲಿ, ಸೂಜಿಮೊನೆಯಷ್ಟು ತೂತು ಉಳಿದಿತ್ತು. ಅಜ್ಜಿ ಅದನ್ನೂ ಮುಚ್ಚಲು ದಾರ ಪೋಣಿಸಿದಳು.

"ಅಜ್ಜೀ, ಅದನ್ನು ಮುಚ್ಚಬೇಡ," ಎಂದಿತು ಕಣ್ಣೀರು. ಅದು ಎಂದೂ ಮಾತಾಡಿದ್ದಿಲ್ಲ. ಎಲ್ಲರೂ ತಿರುಗಿ ನೋಡಿದರು. "ಕಣ್ಣು ತೊಳೆದ ಮೇಲೆ ನನಗೆ ಹೋಗಲು ದಾರಿಯೇ ಇರಲಿಲ್ಲ. ನಿಂತು ನಿಂತು ಸಾಕಾಗಿ ಕೆನ್ನೆಯ ಮೇಲೆ ಬೀಳುತ್ತಿದ್ದೆ. ಈ ತೂತು ಇದ್ದರೆ ಒಳಗಿಂದೊಳಗೇ ಮೂಗಿಗೆ ಇಳಿದು ಹೋಗುತ್ತೇನೆ."

"ಹಂಗಂದ್ರ ಇದು ತೂತಲ್ಲ, ಬಾಗಿಲಾತು," ಎಂದಳು ನೀಲಜ್ಜಿ. ಸೂಜಿಯ ಮೊನೆಯಲ್ಲಿ ಅಲ್ಲಿಂದ ಮೂಗಿನವರೆಗೂ ಸಣ್ಣ ದಾರಿ ಕೊರೆದಳು. "ಹಾಸೆವ್ವಾ, ಈ ಬಾಗಿಲು ನಿಂದು. ನೋಡಿಕೋ."

ಹಾಸೆವ್ವ ಬಾಗಿಲನ್ನು ನೋಡಿದಳು. ಅಕ್ಕನನ್ನು ನೋಡಿದಳು. ಹೊದೆವ್ವ ಏರುತ್ತಿದ್ದವಳು ಅರ್ಧಕ್ಕೇ ನಿಂತುಬಿಟ್ಟಿದ್ದಳು.

"ಅಜ್ಜೀ," ಎಂದಳು ಹೊದೆವ್ವ ಮೆಲ್ಲಗೆ. "ನನಗ್ಯಾಕ ಬಾಗಿಲು ಇಲ್ಲ?"

"ನಿನಗ ಯಾಕಬೇ? ಮಡಿಕಿ ಐತಿ, ಕುಚ್ಚು ಐತಿ."

"ಅವೆಲ್ಲಾ ಇರಲಿ. ಅಕಿಗೆ ಕೊಟ್ಟದ್ದು ನನಗೂ ಬೇಕು!"

ಹಾಸೆವ್ವನ ಒಳಗಿನ ಕೆಂಡದ ಮೇಲೆ ಯಾರೋ ತಣ್ಣೀರು ಹಾಕಿದಂತಾಯಿತು. ಅವಳ ಒಂದು ವಸ್ತುವಿಗಾಗಿ ಅಕ್ಕ ಹೊಟ್ಟೆ ಉರಿದುಕೊಂಡಿದ್ದಳು! ಅದೂ ಎಲ್ಲರ ಎದುರಿಗೆ.

"ಕೊಡು ಅಜ್ಜೀ, ಪಾಪ," ಎಂದಳು ಹಾಸೆವ್ವ. ಆ 'ಪಾಪ' ಎನ್ನುವಾಗ ಅವಳಿಗೆ ಬೆಲ್ಲ ತಿಂದ ಹಾಗಾಯಿತು. "ಆದರ ನಂದಕ್ಕಿಂತ ಸಣ್ಣದು ಮಾಡು."

ಅಜ್ಜಿ ನಕ್ಕು ಹೊದೆವ್ವನ ಅಂಚಿಗೂ ಒಂದು ಚುಚ್ಚಿದಳು, ಕಂಡೂ ಕಾಣದಷ್ಟು. ಜೋಡಿ ತಪ್ಪಬಾರದೆಂದು ಇನ್ನೊಂದು ಕಣ್ಣಿಗೂ ಹಾಗೆಯೇ ಮಾಡಿದಳು. ಕೆಂಚಿಯ ಮಕ್ಕಳಿಗೂ, ಅವರ ಮಕ್ಕಳಿಗೂ ಅದೇ ಅಳತೆಯಲ್ಲಿ ಹೊಲಿದಳು.

ಹಾಸೆವ್ವ ಅಂದಿನಿಂದ ಹೊಟ್ಟೆಕಿಚ್ಚು ಬಿಟ್ಟಳೇ? ಎಲ್ಲಿ ಬಿಟ್ಟಾಳು! ಅತ್ತಾಗಲೆಲ್ಲ ನಿನ್ನ ಮೂಗು ಸೋರುವುದು ಅವಳು ಬಾಗಿಲು ತೆಗೆದು ನೀರನ್ನು ಆ ದಾರಿಗೆ ಕಳಿಸುವುದರಿಂದ. ಆದರೆ ನಿದ್ದೆಗೆಟ್ಟು ನೀನು ದಣಿದ ದಿನ ಅವಳಿಗೆ ಹಳೆಯದು ನೆನಪಾಗುತ್ತದೆ. ಕೋಳಿಯ ರೆಪ್ಪೆ ಏರಿದ್ದು ನೆನಪಾಗುತ್ತದೆ. ಇನ್ನೊಮ್ಮೆ ನೋಡಿಯೇಬಿಡೋಣ ಎಂದು ಹೊರಡುತ್ತಾಳೆ. ಆಗ ನಿನ್ನ ಕೆಳರೆಪ್ಪೆ ಪಟಪಟ ಅದುರುತ್ತದೆ. ಒಳ್ಳೆಯದಾಗುತ್ತದೆ, ಕೆಟ್ಟದಾಗುತ್ತದೆ ಎಂದು ದೊಡ್ಡವರು ಏನೇನೋ ಹೇಳುತ್ತಾರೆ. ಹೆದರಬೇಡ. ಚೆನ್ನಾಗಿ ನಿದ್ದೆ ಮಾಡು. ಅಕ್ಕ ಬಂದು ತಲೆಯಿಟ್ಟು ಮಲಗಿದರೆ ಅವಳೂ ಸುಮ್ಮನಾಗುತ್ತಾಳೆ.

ಬೆಳಿಗ್ಗೆ ಎದ್ದು ಮುಖ ತೊಳೆದು ಕನ್ನಡಿ ಮುಂದೆ ನಿಂತು ಕೆಳರೆಪ್ಪೆಯನ್ನು ಮೆಲ್ಲಗೆ ಜಗ್ಗಿ ನೋಡು: ಮೂಗಿನ ಪಕ್ಕದ ಮೂಲೆಯಲ್ಲಿ ಕೆಂಪಗೆ ಕೂತಿರುವುದೇ ಆ ಬುತ್ತಿಯ ಗಂಟು, ಅದರ ಹತ್ತಿರ ಅಂಚಿನಲ್ಲಿ ಸೂಜಿಮೊನೆಯಷ್ಟು ಕಾಣುವುದೇ ಹಾಸೆವ್ವನ ಬಾಗಿಲು, ಮತ್ತು ಅಕ್ಕನ ಬಾಗಿಲಿಗಿಂತ ಅದು ಇವತ್ತಿಗೂ ಒಂದು ಎಳೆಯಷ್ಟು ದೊಡ್ಡದೇ ಇದೆ.