ಹೊಸ್ತಿಲಲ್ಲಿ ನಿಂತ ಕರಡಿ

ಚೆಚೆನ್ ಬೆಟ್ಟದ ತೋಳಗಳು ಮನೆಗೆ ಬಂದವರನ್ನು "ಸ್ವತಂತ್ರರಾಗಿ ಬನ್ನಿ" ಎಂದೇ ಒಳಗೆ ಕರೆಯುತ್ತಿದ್ದವು. ಉತ್ತರದ ಕಾಡಿನಿಂದ ಬಂದು ಬೆಟ್ಟವನ್ನು ಆಕ್ರಮಿಸಿದ್ದ ಕರಡಿಗೆ ಆ ಮಾತು ಕೇಳಿದರೆ ಮೈಯೆಲ್ಲ ಉರಿ. "ಇನ್ನು ಹಾಗೆಂದವರನ್ನು ಮರಿಗಳ ಸಮೇತ ಗಡಿಯಾಚೆ ಅಟ್ಟುತ್ತೇನೆ" ಎಂದು ಅದು ಸಾರಿಬಿಟ್ಟಿತು.

ಅಂದಿನಿಂದ ಮುದಿ ತೋಳ ಯಾಖಾಳ ಗವಿಗೆ ಯಾರೂ ಕಾಲಿಡಲಿಲ್ಲ. ಆ ಮಾತು ಹೇಳಿ ಕರೆಯದೆ ಒಳಗೆ ಬಿಟ್ಟುಕೊಳ್ಳುವುದು ಅವಳ ಕುಲದಲ್ಲೇ ಇಲ್ಲ. ಸ್ವಂತ ಮೊಮ್ಮಕ್ಕಳೂ ಹೊರಗೇ ನಿಂತು ಮಾತಾಡಿಸಿ ಹೋಗುತ್ತಿದ್ದರು. ಆ ಕೊರಗು ಅವಳನ್ನು ಹಿಂಡುತ್ತಿತ್ತು.

ಒಂದು ಮಧ್ಯಾಹ್ನ ಹೊಳೆಯ ಮಂಜುಗಡ್ಡೆ ಒಡೆದು, ಮುಳುಗಿ ಎದ್ದ ಕರಡಿ ಗಡಗಡ ನಡುಗುತ್ತ, ಒಳನುಗ್ಗುವ ಬಲವೂ ಇಲ್ಲದೆ ಅವಳ ಹೊಸ್ತಿಲಿಗೆ ಬಂತು.

"ಮುದುಕಿ, ಒಳಗೆ ಕರಿ. ಸಾಯುತ್ತಿದ್ದೇನೆ."

"ಕರೆಯಲು ನಮ್ಮಲ್ಲಿರುವುದು ಒಂದೇ ಮಾತು, ಕರಡಿರಾಯರೇ. ಅದನ್ನು ತಾವೇ ನಿಷೇಧಿಸಿದ್ದೀರಿ."

"ಬೇರೆ ಏನಾದರೂ ಹೇಳು ಮಾರಾಯ್ತಿ."

"ಬೇರೆ ಮಾತು ಹೇಳಿ ಮೊಮ್ಮಕ್ಕಳನ್ನೇ ಒಳಗೆ ಬಿಟ್ಟುಕೊಂಡಿಲ್ಲ."

ಕರಡಿಯ ಮೀಸೆಯಲ್ಲಿ ನೀರು ಹೆಪ್ಪುಗಟ್ಟುತ್ತಿತ್ತು. "ಸರಿ, ಅದನ್ನೇ ಹೇಳು."

"ಅಪ್ಪಣೆ ನನಗೊಬ್ಬಳಿಗೋ, ಎಲ್ಲರಿಗೋ?"

"ಎಲ್ಲರಿಗೂ. ಬೇಗ."

ಯಾಖಾ ಕತ್ತೆತ್ತಿ, ಕಣಿವೆಗಳಿಗೆಲ್ಲ ಕೇಳುವಂತೆ ಆ ಮಾತನ್ನು ಕೂಗಿದಳು. ಕರಡಿಗೆ ಬೆಚ್ಚನೆಯ ಮೂಲೆ ಸಿಕ್ಕಿತು, ಮಾಂಸದ ಮೊದಲ ತುಂಡೂ ಸಿಕ್ಕಿತು. ಅದು ನುಂಗುವಷ್ಟರಲ್ಲಿ ಮೊಮ್ಮಕ್ಕಳು, ನೆಂಟರು, ನೆರೆಯವರು ದಡದಡನೆ ಬಂದು ಗವಿ ತುಂಬಿ, ವೃತ್ತ ಕಟ್ಟಿ ಕುಣಿಯತೊಡಗಿದರು. ಕರಡಿ ಮೊಣಕಾಲು ಮಡಚಿಕೊಂಡು ಗೋಡೆಗೆ ಅಂಟಿ ಕುಳಿತಿತು.

ಅದರ ಮೈ ಒಣಗಿದ ಮೇಲೆ ಯಾಖಾ ವಿನಯದಿಂದ ಕೇಳಿದಳು: "ತಮ್ಮನ್ನು ಉತ್ತರದ ಕಾಡಿನವರೆಗೆ ಕಳಿಸಿಬರಲು ಎಷ್ಟು ಜನ ಬರಲಿ?"

ಕರಡಿ ಗವಿಯಲ್ಲಿದ್ದ ಹಲ್ಲುಗಳನ್ನೊಮ್ಮೆ ನೋಡಿತು. "ಯಾರೂ ಬೇಡ, ತಾಯಿ. ದಾರಿ ನನಗೆ ಚೆನ್ನಾಗಿ ಗೊತ್ತು."