ಕಡತದ ಹೊದಿಕೆಯ ಮೇಲೆ ಬರೆದ ಸಂಖ್ಯೆ

"ಗುರುಗಳೇ, ಕರುಣೆಯಿಂದ ಬರೆದ ಸುಳ್ಳೂ ತಪ್ಪೇ?" ಎಂದು ಶಿಷ್ಯೆ ಕೇಳಿದಳು.

ಆಸ್ಪತ್ರೆಯ ಕಡತಗಳಿಗೆ ರೋಗದ ಸಂಖ್ಯೆ ಹಾಕುವ ಕೆಲಸವನ್ನು ಅವಳು ಗುರುಗಳ ಬಳಿ ಕಲಿಯುತ್ತಿದ್ದಳು. ಅಂದು ಅವಳ ಮುಂದಿದ್ದ ಕಡತ ಒಬ್ಬ ಮೇಷ್ಟರದು. ಅವಳಿಗೇ ಮಗ್ಗಿ ಕಲಿಸಿದ ಮೇಷ್ಟರು. ವೈದ್ಯರು 'ಮದ್ಯವ್ಯಸನ' ಎಂದು ಬರೆದಿದ್ದರು. ಅದರ ಸಂಖ್ಯೆ ಹಾಕಲು ಅವಳಿಗೆ ಮನಸ್ಸಾಗಿರಲಿಲ್ಲ.

ಗುರುಗಳು ಕನ್ನಡಕ ತೆಗೆದಿಟ್ಟರು. "ತಪ್ಪು ಸರಿ ಆಮೇಲಾಗಲಿ. ಮೊದಲು ಒಂದು ಊಹೆ ಮಾಡಮ್ಮ. ವಾರ್ಡಿನಲ್ಲಿ ಎದುರುಬದುರು ಇಬ್ಬರು. ಇಬ್ಬರಿಗೂ ಕಾಲು ಮುರಿದಿದೆ. ಇಬ್ಬರೂ ದಿನವೂ ಕುಡಿಯುವವರೇ. ಒಬ್ಬನ ಕುಡಿತ ಊರಿಗೆಲ್ಲ ಗೊತ್ತು, ಇನ್ನೊಬ್ಬನದು ಮನೆಯವರಿಗೆ ಮಾತ್ರ. ಒಬ್ಬ ಬದುಕಿದ, ಒಬ್ಬ ಸತ್ತ. ಸತ್ತವನು ಯಾರು, ಹೇಳು ನೋಡೋಣ?"

"ಊರಿಗೆಲ್ಲ ಗೊತ್ತಾಗುವಷ್ಟು ಕುಡಿದವನೇ ಇರಬೇಕು."

"ನಾನು ಕೇಳಿದವರೆಲ್ಲ ಹಾಗೇ ಅಂದರು. ಕತೆ ಕೇಳು."

ಒಂದು ಊರಿನಲ್ಲಿ ಒಬ್ಬ ದರ್ಜಿ ಇದ್ದ. ಒಳ್ಳೆಯ ಕೆಲಸಗಾರ. ಆದರೆ ಬೆಳಗ್ಗೆ ಎದ್ದೊಡನೆ ಎರಡು ಗುಟುಕು ಒಳಗೆ ಹೋಗದಿದ್ದರೆ ಕೈ ಅದುರುತ್ತಿತ್ತು. ಒಮ್ಮೆ ಹೊಟ್ಟೆನೋವೆಂದು ಆಸ್ಪತ್ರೆ ಸೇರಿದ. ವೈದ್ಯರು ಎರಡು ರೋಗ ಬರೆದರು. ಮೊದಲು ಮದ್ಯವ್ಯಸನ, ಆಮೇಲೆ ಜಠರದ ಉರಿ. ಕಡತ ಗುಮಾಸ್ತನ ಬಳಿಗೆ ಬಂತು.

ಆ ಆಸ್ಪತ್ರೆಯಲ್ಲಿ ಒಂದು ಪದ್ಧತಿ. ಮುಖ್ಯ ರೋಗದ ಸಂಖ್ಯೆಯನ್ನು ಕಡತದ ಹೊದಿಕೆಯ ಮೇಲೆ ಕೆಂಪು ಶಾಯಿಯಲ್ಲಿ ದೊಡ್ಡದಾಗಿ ಬರೆಯಬೇಕು. ಮುಂದೆ ಅದೇ ರೋಗಿ ಬಂದರೆ ವೈದ್ಯರು ಮೊದಲು ನೋಡುವುದು ಅದನ್ನೇ. ಒಳಗಿನ ಹಾಳೆ ತಿರುವಲು ಯಾರಿಗೆ ಪುರುಸೊತ್ತು? ಮದ್ಯವ್ಯಸನಕ್ಕೆ ಎಫ್ ಹತ್ತು. ಅದರ ಅರ್ಥ ಜವಾನರಿಗೂ ಗೊತ್ತು. "ಎಫ್ ಹತ್ತು ಪಾರ್ಟಿ ಬಂತು, ದಾರಿ ಬಿಡ್ರಪ್ಪೋ!" ಎಂದು ಕೂಗಿಕೊಂಡೇ ಗಾಡಿ ತಳ್ಳುತ್ತಿದ್ದರು.

ದರ್ಜಿಯ ಹೆಂಡತಿ ಗುಮಾಸ್ತನ ಮುಂದೆ ನಿಂತಳು. "ಅಣ್ಣಾ, ಆ ನಂಬರು ಹಾಕಬೇಡಿ. ಮಗಳಿಗೆ ಗಂಡು ಗೊತ್ತಾಗಿದೆ. ಹುಡುಗನ ಅಣ್ಣ ಇಲ್ಲೇ ರಕ್ತ ಪರೀಕ್ಷೆ ಮಾಡೋರು. ಅವರ ಕಣ್ಣಿಗೆ ಬಿದ್ದರೆ ಸಂಬಂಧ ಮುರಿದುಹೋಗುತ್ತೆ."

ಗುಮಾಸ್ತ ಕಟುಕನಲ್ಲ. ಕೆ ಇಪ್ಪತ್ತೊಂಬತ್ತು ಎಂದು ಬರೆದ. ಅದು ಬರೀ ಜಠರದ ಉರಿ. ಪುಣ್ಯದ ಕೆಲಸ ಮಾಡಿದೆ ಎಂದು ಅಂದು ಮನೆಯಲ್ಲಿ ಎರಡು ಸಲ ಹೇಳಿಕೊಂಡ.

ಎಂಟು ತಿಂಗಳ ಮೇಲೆ ದರ್ಜಿ ಅಂಗಡಿಯ ಮೆಟ್ಟಿಲಿಂದ ಜಾರಿ ತೊಡೆಯ ಮೂಳೆ ಮುರಿದುಕೊಂಡ. ಮೂಳೆಯ ವೈದ್ಯರು ಹೊಸಬರು. ಹೊದಿಕೆ ನೋಡಿದರು. ಆದರೂ ಒಂದು ಮಾತು ಇರಲಿ ಎಂದು, "ಕುಡಿಯುತ್ತಾರೇನಮ್ಮ?" ಎಂದು ಕೇಳಿದರು.

"ಛೆ, ಇಲ್ಲ ಸಾರ್. ಬೇಕಾದರೆ ಫೈಲ್ ನೋಡಿ," ಅಂದಳು ಹೆಂಡತಿ. ಮಗಳ ಮದುವೆಗೆ ಇಪ್ಪತ್ತು ದಿನವಿತ್ತು.

ದಿನವೂ ಕುಡಿಯುವವನಿಗೆ ಕುಡಿತ ಒಮ್ಮೆಲೇ ನಿಂತರೆ ಮೈ ತಡೆಯುವುದಿಲ್ಲ. ಅದಕ್ಕೆ ಮೊದಲ ದಿನದಿಂದಲೇ ಔಷಧ ಕೊಡಬೇಕು. ಎದುರು ಮಂಚದವನ ಹೊದಿಕೆಯ ಮೇಲೆ ಎಫ್ ಹತ್ತು ಇತ್ತು. ಅವನಿಗೆ ಕೊಟ್ಟರು. ಜವಾನರ ಗೇಲಿ ಕೇಳಿಸಿಕೊಂಡೇ ಅವನು ಹತ್ತನೆಯ ದಿನ ಕೋಲೂರಿಕೊಂಡು ಮನೆಗೆ ಹೋದ.

ದರ್ಜಿಗೆ ಮೂರನೆಯ ದಿನ ನಡುಕ ಹತ್ತಿತು. ಮೈ ಕೆಂಡವಾಯಿತು. ಮಲಗಿದ್ದಲ್ಲೇ ಇಲ್ಲದ ಸೂಜಿಗೆ ಇಲ್ಲದ ದಾರ ಪೋಣಿಸತೊಡಗಿದ. "ಮದುವೆ ರವಿಕೆಗೆ ಇನ್ನೂ ತೋಳು ಹಚ್ಚಿಲ್ಲ ಕಣೇ," ಎಂದು ಹೆಂಡತಿಯನ್ನು ಗದರಿದ. ಗಾಯ ನಂಜಾಗಿ ಜ್ವರ ನೆತ್ತಿಗೇರಿದೆ ಎಂದು ವೈದ್ಯರು ತಿಳಿದರು. ಅದಕ್ಕೇ ಔಷಧ ಕೊಟ್ಟರು. ಐದನೆಯ ದಿನ ಬೆಳಗ್ಗೆ ದರ್ಜಿ ತೀರಿಕೊಂಡ.

ಹೆಂಡತಿ ಮರಣದ ಕಾಗದಕ್ಕೆಂದು ಗುಮಾಸ್ತನ ಬಳಿ ಬಂದಳು. ಅವನು ಅಷ್ಟರಲ್ಲಿ ಒಳಗಿನ ಹಾಳೆಗಳನ್ನೆಲ್ಲ ಓದಿ ಮುಗಿಸಿದ್ದ. ಏನಾಯಿತೆಂದು ಅವನಿಗೆ ಗೊತ್ತಾಗಿತ್ತು. ಅವಳಿಗೆ ಗೊತ್ತಿರಲಿಲ್ಲ.

ಅವಳು ಕೈ ಮುಗಿದಳು. "ಅಣ್ಣಾ, ನೀವು ನಮ್ಮ ಮಾನ ಉಳಿಸಿದಿರಿ. ಕುಡುಕ ಅನ್ನಿಸಿಕೊಳ್ಳದೆ ಹೋದರು. ಮದುವೆ ನಿಂತಿಲ್ಲ, ಮುಂದಕ್ಕೆ ಹಾಕಿದ್ದಾರೆ ಅಷ್ಟೆ. ನೀವು ಬಂದು ಅಕ್ಷತೆ ಹಾಕಬೇಕು."

ಗುರುಗಳು ಕನ್ನಡಕವನ್ನು ಮತ್ತೆ ಹಾಕಿಕೊಂಡರು.

ಶಿಷ್ಯೆ ಮೆಲ್ಲಗೆ ಕೇಳಿದಳು: "ಆ ಕಡತಕ್ಕೆ ಗುಮಾಸ್ತ ಕೊನೆಗೆ ಯಾವ ಸಂಖ್ಯೆ ಹಾಕಿದ?"

"ಸಂಖ್ಯೆ ಹಾಕಲು ನನ್ನಿಂದಾಗಲಿಲ್ಲಮ್ಮ, ಅವಳೆದುರು ತಾರೀಕು ಮಾತ್ರ ಬರೆದೆ: ಎರಡು ಸಾವಿರದ ನಾಲ್ಕನೆಯ ಇಸವಿ, ನವೆಂಬರ್ ಹದಿನೆಂಟು, ಗುರುವಾರ."