ಮಳೆಹುಳ ಕೊಟ್ಟ ಕಂಚಿನ ಚೂರು

ಲೋಕದ ಹಸಿ ಮಣ್ಣು ಇನ್ನೂ ಆರಿರಲಿಲ್ಲ. ನದಿಗಳು ದಾರಿ ಕೇಳಿಕೊಂಡು ಹರಿಯುತ್ತಿದ್ದವು. ಆಗ ಲೋಕದ ಕಾಲವೆಲ್ಲ ಒಂದೇ ಒಂದು ಬಟ್ಟಲಿನಲ್ಲಿತ್ತು.

ಅದು ಕಂಚಿನ ಬಟ್ಟಲು. ತಳದಲ್ಲಿ ಸೂಜಿಮೊನೆಯಷ್ಟು ತೂತು. ಮಾಳವ್ವ ಎಂಬ ಹೆಂಗಸು ಅದನ್ನು ನೀರಿನ ಹಂಡೆಯಲ್ಲಿ ತೇಲಿಬಿಡುತ್ತಿದ್ದಳು. ತೂತಿನಿಂದ ನೀರು ಮೆಲ್ಲಗೆ ಏರಿ ಬಟ್ಟಲು ಮುಳುಗಿದರೆ ಒಂದು ಗಳಿಗೆ. ಮಾಳವ್ವ ಕೊಡತಿಯಿಂದ ಜಾಗಟೆ ಬಾರಿಸುವಳು, ಸೂರ್ಯ ಒಂದು ಹೆಜ್ಜೆ ಮುಂದಿಡುವನು. ಮುಳುಗಿದ ಬಟ್ಟಲನ್ನು ಹಾಗೇ ಬಿಡುವಂತಿಲ್ಲ. ಎತ್ತಿ, ನೀರು ಚೆಲ್ಲಿ, ಮತ್ತೆ ತೇಲಿಬಿಡಬೇಕು. ಮತ್ತೆ ಜಾಗಟೆ, ಮತ್ತೆ ಒಂದು ಹೆಜ್ಜೆ. ಆನೆಗೂ ಅದೇ ಗಳಿಗೆ, ಇರುವೆಗೂ ಅದೇ ಗಳಿಗೆ. ಯಾರಿಗೂ ಹೆಚ್ಚಿಲ್ಲ, ಯಾರಿಗೂ ಕಡಿಮೆಯಿಲ್ಲ.

ಮಾಳವ್ವನಿಗೆ ಒಂದೇ ಹುಚ್ಚು. ಬಟ್ಟಲು ಫಳಫಳ ಹೊಳೆಯಬೇಕು! ಅಮಾವಾಸ್ಯೆಗೊಮ್ಮೆ ಬೆಳಗಿದರೆ ಸಾಕು ಎಂದು ಬಟ್ಟಲು ಕೊಡುವಾಗಲೇ ಭೂಮಿತಾಯಿ ಹೇಳಿದ್ದಳು. ಇವಳು ದಿನಾ ಹುಣಸೆಹಣ್ಣು ಹಚ್ಚಿ, ಮರಳು ಹಾಕಿ, ರಟ್ಟೆ ನೋಯುವಷ್ಟು ತಿಕ್ಕುವಳು.

“ಸಾಕು ಬಿಡ ಮಾಳವ್ವಾ, ಕಂಚು ಸವಿತೈತಿ,” ಎಂದಿತು ಗಾಳಿ.

“ನನ್ನ ಅಂಗಳಕ್ಕ ದಿನಾ ಕಸ ತಂದು ಸುರಿಯಾಂವ ನೀನು. ನನಗ ಬುದ್ಧಿ ಹೇಳಬ್ಯಾಡ!” ಎಂದು ಮಾಳವ್ವ ಗದರಿದಳು.

ಅತಿಯಾದರೆ ಅಮೃತವೂ ವಿಷ. ತಿಕ್ಕಿ ತಿಕ್ಕಿ ತೂತು ಅಗಲವಾಯಿತು. ಒಂದು ಬೆಳಿಗ್ಗೆ ಬಟ್ಟಲು ಗುಳಕ್ಕನೆ ಮುಳುಗಿತು. ಎತ್ತಿದಳು, ಬಿಟ್ಟಳು, ಗುಳಕ್! ಎತ್ತಿದಳು, ಬಿಟ್ಟಳು, ಗುಳಕ್! ಸೂರ್ಯ ಏದುಸಿರು ಬಿಡುತ್ತ ಆಕಾಶ ದಾಟಿದ, ಮತ್ತೆ ಮೂಡಿದ, ಮತ್ತೆ ದಾಟಿದ. ಮಾಳವ್ವನಿಗೆ ತಲೆಯೆತ್ತಲೂ ಪುರುಸೊತ್ತಿಲ್ಲ.

ತಲೆಯೆತ್ತಿದಾಗ ಪಕ್ಕದಲ್ಲಿದ್ದ ಮಗಳ ತೊಟ್ಟಿಲು ಖಾಲಿ. ಬಾಗಿಲಲ್ಲಿ ಎಂಟು ವರ್ಷದ ಹುಡುಗಿಯೊಬ್ಬಳು ನಿಂತಿದ್ದಳು. ಕೂಸಿನ ಕೈಗೆ ಕಟ್ಟಿದ್ದ ಕರಿಮಣಿ ಅವಳ ಮಣಿಕಟ್ಟನ್ನು ಕಚ್ಚಿಕೊಂಡಿತ್ತು.

ಮಾಳವ್ವ ಆ ಕರಿಮಣಿಯ ಗುರುತು ಹಿಡಿದಳು. ಅಯ್ಯೋ, ಸುಗ್ಗಿ! ಈಗಷ್ಟೇ ಹಾಲು ಕುಡಿಸಿ ಮಲಗಿಸಿದ ಮಗಳು! ಅವಳ ಮೊದಲ ಹೆಜ್ಜೆಯನ್ನು ತಾಯಿ ನೋಡಿರಲಿಲ್ಲ. ಮೊದಲ ಮಾತು ಕೇಳಿರಲಿಲ್ಲ.

ಮಾಳವ್ವ ಜೇನುಮೇಣ ತೆಗೆದು ಬಟ್ಟಲಿನ ತೂತಿಗೆ ಒತ್ತಿದಳು. ಅಷ್ಟರಲ್ಲಿ ಸುಗ್ಗಿ, “ಯವ್ವಾ, ನಾ ನಡಿಯಾಕ ಕಲಿತಾಗ ನೀ...” ಎಂದಳು.

ಮಾತು ಅಲ್ಲಿಗೇ ನಿಂತಿತು. ತೂತು ಸಣ್ಣದಾಗಲಿ ಎಂದು ಒತ್ತಿದ ಮೇಣ ಅದನ್ನು ಪೂರ್ತಿ ಮುಚ್ಚಿಬಿಟ್ಟಿತ್ತು.

ಮರದಿಂದ ಉದುರುತ್ತಿದ್ದ ಎಲೆ ನಡುದಾರಿಯಲ್ಲಿ ನಿಂತಿತು. ಹಸುವಿನ ಕೆಚ್ಚಲಿನ ಹಾಲು ತಂಬಿಗೆ ಮುಟ್ಟದೆ ನಿಂತಿತು. ಬಟ್ಟಲು ಹಿಡಿದಿದ್ದ ಮಾಳವ್ವ ಮತ್ತು ವಯಸ್ಸೇ ಇಲ್ಲದ ಗಾಳಿ, ಇಬ್ಬರೇ ಅಲುಗುವವರಾಗಿ ಉಳಿದರು. ಮಾಳವ್ವ ಮಗಳ ಮೂಗಿನ ಹತ್ತಿರ ಬೆರಳಿಟ್ಟಳು. ಉಸಿರಿಲ್ಲ!

ಮೇಣ ಕೆರೆದಳು, ಬರಲಿಲ್ಲ. ಚುಚ್ಚಿದಳು, ಬರಲಿಲ್ಲ. ಕೊನೆಗೆ ಕೊಡತಿ ಎತ್ತಿದಳು. ಚೂರು ಸಿಡಿದು ಮಗಳಿಗೆ ಬಡಿದೀತೆಂದು ಅವಳನ್ನು ತನ್ನ ಬೆನ್ನ ಹಿಂದೆ ನಿಲ್ಲಿಸಿಕೊಂಡಳು. ತಾಯಿ ಅಲ್ಲವೇ!

ಠಣ್!

ತಾಮ್ರವಾಗಿದ್ದರೆ ನೆಗ್ಗುತ್ತಿತ್ತು. ಕಂಚು ನೋಡು, ಚೂರುಚೂರಾಯಿತು. ಒಂದು ಚೂರು ಹುಂಜದ ಗಂಟಲಿಗೆ ಹೋಯಿತು, ಅಂದಿನಿಂದ ಹೊತ್ತು ಮೂಡುವುದು ಅದಕ್ಕೇ ಮೊದಲು ಗೊತ್ತು. ಇನ್ನೊಂದು, ಬಾಯಿ ತೆರೆದಿದ್ದ ಆಮೆಯ ಹೊಟ್ಟೆ ಸೇರಿತು. ಒಂದು ಬಿದಿರಿನ ಗಂಟಿನಲ್ಲಿ ಸಿಕ್ಕಿತು. ಪುಡಿಯೆಲ್ಲ ಲೋಕದ ಮೇಲೆ ಉದುರಿತು. ತಾಗಿದವರೆಲ್ಲ ಕಣ್ಣು ಮಿಟುಕಿಸಿ ಎದ್ದರು. ಎಲೆ ನೆಲಕ್ಕಿಳಿಯಿತು, ಹಾಲು ತಂಬಿಗೆ ತುಂಬಿತು, ಸೂರ್ಯ ಜಾಗಟೆಯಿಲ್ಲದೆಯೇ ನಡೆಯತೊಡಗಿದ.

ಸುಗ್ಗಿ ಮಾತ್ರ ಅಲುಗಲಿಲ್ಲ.

“ಎಲ್ಲಾರಿಗೂ ಒಂದೊಂದು ಚೂರು ತಾಗೇತಿ,” ಎಂದಿತು ಗಾಳಿ ಮೆಲ್ಲಗೆ. “ನಿನ್ನ ಬೆನ್ನ ಹಿಂದ ಮಾತ್ರ ಒಂದೂ ಹೋಗಲಿಲ್ಲ.”

ಮಾಳವ್ವನಿಗೆ ಅಳಲೂ ಆಗಲಿಲ್ಲ. ತನ್ನ ಅಂಗೈಗೆ ನಾಟಿದ್ದ ಚೂರನ್ನಾದರೂ ಕಿತ್ತು ಕೊಡೋಣವೆಂದರೆ, ಅದು ಆಗಲೇ ರಕ್ತದಲ್ಲಿ ಕರಗಿತ್ತು. ಮರದ ಬೊಂಬೆಯಂತಿದ್ದ ಮಗಳನ್ನು ಕಂಕುಳಲ್ಲಿ ಎತ್ತಿಕೊಂಡು ಓಡಿದಳು.

“ಒಂದು ತುಣುಕು ಕೊಡಪ್ಪಾ,” ಎಂದು ಆಮೆಯನ್ನು ಬೇಡಿದಳು.

“ನುಂಗಿದ್ದು ನುಂಗಿದೆ,” ಎಂದು ಆಮೆ ತಲೆ ಒಳಗೆಳೆದುಕೊಂಡಿತು. ಜಿಪುಣ ಮುಂಡೇದು! ಇವತ್ತಿಗೂ ನೂರಾರು ವರ್ಷ ಬದುಕುತ್ತದೆ, ಯಾರು ಹತ್ತಿರ ಬಂದರೂ ಚೂರು ಕೇಳಲು ಬಂದರೆಂದು ತಲೆ ಮುಚ್ಚಿಕೊಳ್ಳುತ್ತದೆ.

“ನೀನಾದರೂ ಒಂದು ತುಣುಕು ಕೊಡಪ್ಪಾ,” ಎಂದು ಬಿದಿರನ್ನು ಬೇಡಿದಳು.

“ಗಂಟಿನಾಗ ಸಿಕ್ಕೊಂಡೈತಿ. ನಾ ಹೂ ಬಿಟ್ಟಾಗ ಹೊರಗ ಬರ್ತೈತಿ. ಒಂದು ಅರವತ್ತು ವರ್ಷ ತಡಿ,” ಎಂದಿತು ಬಿದಿರು.

ಕೊನೆಗೆ ಹುತ್ತದ ಹತ್ತಿರ ಕುಸಿದು ಕೂತಳು. ಅಲ್ಲಿ ಮಳೆಹುಳಗಳಿದ್ದವು. ಬಟ್ಟಲಿನ ತಳವೇ, ಅಂಗೈಯಗಲದ ಚೂರು, ಅವುಗಳ ಪಾಲಿಗೆ ಬಂದಿತ್ತು. ಸಾವಿರ ವರ್ಷ ಕೂತು ತಿಂದರೂ ಮುಗಿಯದಷ್ಟು ಕಾಲ! ಅವು ರೆಕ್ಕೆ ಬಡಿಯುತ್ತ ಸುಗ್ಗಿಯ ಮುಖದ ಸುತ್ತ ಸುತ್ತಿದವು.

“ಈ ಕೂಸಿನ ಬಾಯಾಗ ಮಾತು ಅರ್ಧಕ್ಕ ನಿಂತೈತಲ್ಲವ್ವಾ,” ಎಂದಿತು ಹಿರಿಯ ಹುಳ. “ಏನು ಕೇಳಾಕತ್ತಿತ್ತು?”

“ಗೊತ್ತಿಲ್ಲ,” ಎಂದ ಮಾಳವ್ವನಿಗೆ ಆಗ ಅಳು ಒತ್ತರಿಸಿ ಬಂತು. “ಎಂಟು ವರ್ಷದಾಗ ನಾ ಆಕಿ ಮಾತು ಒಂದೂ ಪೂರಾ ಕೇಳಿಲ್ಲ.”

ಹುಳಗಳು ಸೇರಿ ಆ ಅಂಗೈಯಗಲದ ಚೂರನ್ನು ಅವಳ ಮುಂದೆ ಎಳೆದು ತಂದವು.

“ಹಂಗಾದ್ರ ಇದನ್ನ ತಗೋ. ಸಾಸಿವಿ ಕಾಳಷ್ಟು ನಮಗ ಬಿಡು.”

ಮಾಳವ್ವ ಬಾಯಿಗೆ ಕೈಯಿಟ್ಟುಕೊಂಡಳು. “ಅಷ್ಟರಾಗ ಒಂದು ಸಂಜಿನೂ ಕಳಿಯಾಂಗಿಲ್ಲ ನೀವು!”

“ಹಾರಾಕ ಒಂದು ಸಂಜಿ ಸಾಕವ್ವಾ. ಆದ್ರ ಪ್ರತಿ ವರ್ಷ ಮೊದಲ ಮಳಿ ಬಿದ್ದ ದಿನ, ನಮ್ಮ ಕೂಸು ಎಷ್ಟು ಬೆಳೀತು ಅಂತ ನಮ್ಮ ಮಕ್ಕಳು ನೋಡಾಕ ಬರ್ತಾವು. ಕತ್ತಲಾಗ ಮುಖ ಕಾಣಾಂಗಿಲ್ಲ, ದೀಪ ಹಚ್ಚಿಡು.”

ಮಾಳವ್ವ ಚೂರನ್ನು ಮಗಳ ಎದೆಗಿಟ್ಟಳು. ಅದು ಬೆಲ್ಲದಂತೆ ಕರಗಿತು. ಸುಗ್ಗಿಯ ಕೆನ್ನೆಗೆ ಬಣ್ಣ ಬಂತು, ತುಟಿ ಅಲುಗಿತು.

“...ಎಲ್ಲಿದ್ದಿ?” ಎಂದಳು.

ಮಾಳವ್ವ ಬೆಚ್ಚಿಬಿದ್ದಳು. ಆಮೇಲೆ ಮಗಳನ್ನು ಬಿಗಿಯಾಗಿ ತಬ್ಬಿಕೊಂಡು, “ಬಟ್ಟಲು ತಿಕ್ಕಾಕತ್ತಿದ್ನವ್ವಾ,” ಎಂದು ಗೊಳೋ ಎಂದು ಅತ್ತಳು.

ಅವಳ ಭುಜದ ಮೇಲೆ ಏನೋ ಹಗುರವಾಗಿ ಬಿತ್ತು. ನೋಡಿದರೆ ರೆಕ್ಕೆಗಳು. ಸಂಜೆ ಮುಗಿದಿತ್ತು.

ಅದಕ್ಕೇ ಪುಟ್ಟಾ, ಮೊದಲ ಮಳೆಯ ಸಂಜೆ ಮಳೆಹುಳಗಳು ನಮ್ಮ ದೀಪಕ್ಕೆ ಮುತ್ತಿ ನಿನ್ನ ಮುಖಕ್ಕೆ ಬಂದು ಬಡಿದರೆ ಕೈ ಬೀಸಿ ಓಡಿಸಬೇಡ. ತಮ್ಮ ಹಿರಿಯರು ಕಾಲ ಕೊಟ್ಟ ಕೂಸು ನೀನೇ ಎಂದುಕೊಂಡು, ಎಷ್ಟು ಬೆಳೆದೆಯೆಂದು ನೋಡಲು ಅವಕ್ಕಿರುವುದು ಅದೊಂದೇ ಸಂಜೆ.